ರಜೆಯಲ್ಲಿ ಊರಿಗೆ ಹೋಗುವಾಗ ಮೀನುಗಳ ಪಾಲನೆ

ಮೇ ತಿಂಗಳು ಬಂದಿತೆಂದರೆ ಮುಂಬಯಿಯ ಕನ್ನಡಿಗರ ಮನೆಗಳಲ್ಲಿ ಊರಿಗೆ ಹೊರಡುವ ಸಡಗರ. ಹಾಲು, ಪತ್ರಿಕೆ ನಿಲ್ಲಿಸುವುದು, ತುಳಸಿಗೆ ನೀರೆರೆಯಲು ನೆರೆಯವರಿಗೆ ಬೀಗದ ಕೈ ಕೊಡುವುದು, ಇವೆಲ್ಲ ಆಗುತ್ತವೆ. ಮನೆಯಲ್ಲಿ ಮೀನಿನ ತೊಟ್ಟಿಯಿದ್ದರೆ ಮಕ್ಕಳದು ಒಂದೇ ಪ್ರಶ್ನೆ: “ನಾವಿಲ್ಲದಾಗ ಮೀನುಗಳಿಗೆ ಊಟ ಹಾಕುವವರು ಯಾರು?”

ಮೀನುಗಳು ಶೀತರಕ್ತ ಪ್ರಾಣಿಗಳು. ಮೈಯನ್ನು ಬೆಚ್ಚಗಿಡಲು ನಮ್ಮಂತೆ ಅವು ಆಹಾರವನ್ನು ವ್ಯಯಿಸಬೇಕಾಗಿಲ್ಲ. ಆದುದರಿಂದ ಆರೋಗ್ಯವಾಗಿರುವ, ಬೆಳೆದ ಮೀನು ಒಂದು ವಾರ ಉಪವಾಸವಿದ್ದರೂ ಸಾಮಾನ್ಯವಾಗಿ ಅಪಾಯವಿಲ್ಲ. ಮರಿಗಳ ಮಾತು ಬೇರೆ. ಅವುಗಳಿಗೆ ದಿನವೂ ಆಹಾರ ಬೇಕು.

ಹಸಿವಿಗಿಂತ ಹೆಚ್ಚಿನ ಅಪಾಯ ಅತಿಯಾದ ಆಹಾರದಿಂದ. ಒಂದು ಸಲ ನಾವು ಆಹಾರದ ಡಬ್ಬಿಯನ್ನೇ ನೆರೆಮನೆಯವರ ಕೈಗಿತ್ತು ಊರಿಗೆ ಹೋದೆವು. ಪ್ರಮಾಣವನ್ನು ಹೇಳಿರಲಿಲ್ಲ. “ಪಾಪ, ಹಸಿದಿರಬೇಕು” ಎಂದು ಅವರು ದಿನವೂ ಧಾರಾಳವಾಗಿ ಹಾಕಿದರು. ನಾವು ಮರಳಿದಾಗ ನೀರು ಹಾಲಿನಂತೆ ಬೆಳ್ಳಗಾಗಿತ್ತು. ಮೀನು ಒಂದೂ ಉಳಿದಿರಲಿಲ್ಲ. ತಪ್ಪು ಅವರದಲ್ಲ, ನಮ್ಮದು.

ಹೀಗಾಗಲು ಕಾರಣವೇನು? ತಿನ್ನದೆ ಉಳಿದ ಆಹಾರ ಕೊಳೆತು ಅಮೋನಿಯಾ ಎಂಬ ವಿಷ ಹುಟ್ಟುತ್ತದೆ. ತೊಟ್ಟಿಯ ಶೋಧಕದಲ್ಲಿ ನೆಲೆಸಿರುವ ಸೂಕ್ಷ್ಮಜೀವಿಗಳು ಇದನ್ನು ಮೊದಲು ನೈಟ್ರೈಟಾಗಿಯೂ, ಬಳಿಕ ಅಷ್ಟು ವಿಷಕರವಲ್ಲದ ನೈಟ್ರೇಟಾಗಿಯೂ ಮಾರ್ಪಡಿಸುತ್ತವೆ. ಆಹಾರ ಮಿತಿಮೀರಿದರೆ ಅವುಗಳ ಕೈ ಸಾಗದು. ಕೊಳೆಯುವಾಗ ನೀರಿನ ಆಮ್ಲಜನಕವೂ ಖರ್ಚಾಗುತ್ತದೆ. ಬೇಸಗೆಯಲ್ಲಂತೂ ಆಮ್ಲಜನಕ ಮೊದಲೇ ಕಡಿಮೆ: 20 ಡಿಗ್ರಿ ಸೆಂಟಿಗ್ರೇಡಿನ ಒಂದು ಲೀಟರು ನೀರು ಸುಮಾರು 9 ಮಿಲಿಗ್ರಾಂ ಆಮ್ಲಜನಕವನ್ನು ಹಿಡಿದಿಡಬಲ್ಲದು, 30 ಡಿಗ್ರಿಯಲ್ಲಿ ಸುಮಾರು 7.5 ಮಿಲಿಗ್ರಾಂ ಮಾತ್ರ.

ಆದುದರಿಂದ ಹೊರಡುವ ಮೊದಲು ಹೀಗೆ ಮಾಡಬೇಕು:

1. ಎರಡು ಮೂರು ದಿನ ಮುಂಚೆ ತೊಟ್ಟಿಯ ಕಾಲುಭಾಗ ನೀರನ್ನು ಬದಲಿಸಿರಿ. ನಲ್ಲಿಯ ನೀರಿನಲ್ಲಿ ಕ್ಲೋರಿನ್ ಇರುವುದರಿಂದ ಅದನ್ನು ಅಗಲಬಾಯಿಯ ಪಾತ್ರೆಯಲ್ಲಿ ಒಂದು ದಿನ ತೆರೆದಿಟ್ಟು ಬಳಸಿರಿ. ಈ ದಿನಗಳಲ್ಲಿ ಹೊಸ ಮೀನನ್ನು ತರಬೇಡಿರಿ.

2. ಮನೆಯ ಮೇನ್ ಸ್ವಿಚ್ಚನ್ನು ಆರಿಸಿ ಹೋಗುವ ಅಭ್ಯಾಸ ಹಲವರಿಗಿದೆ. ಹಾಗೆ ಮಾಡಿದರೆ ಗಾಳಿಯ ಪಂಪು ನಿಂತು, ಮೀನುಗಳೂ ಶೋಧಕದ ಸೂಕ್ಷ್ಮಜೀವಿಗಳೂ ಉಸಿರುಗಟ್ಟುತ್ತವೆ. ತೊಟ್ಟಿಯ ದೀಪವನ್ನು ಮಾತ್ರ ಆರಿಸಿರಿ.

3. ಒಂದು ವಾರದೊಳಗೆ ಮರಳುವುದಾದರೆ ಬೆಳೆದ ಮೀನುಗಳಿಗೆ ಯಾವ ಏರ್ಪಾಡೂ ಬೇಡ. ಹೆಚ್ಚು ದಿನವಾದರೆ ಎರಡು ದಿನಕ್ಕೊಂದರಂತೆ, ಎರಡು ನಿಮಿಷಗಳಲ್ಲಿ ತಿಂದು ಮುಗಿಯುವಷ್ಟೇ ಆಹಾರವನ್ನು ಕಾಗದದ ಪೊಟ್ಟಣಗಳಲ್ಲಿ ಕಟ್ಟಿ, ತಾರೀಖು ಬರೆದು ನೆರೆಯವರಿಗೆ ಕೊಡಿರಿ. ಡಬ್ಬಿಯನ್ನು ಒಳಗಿಡಿರಿ. ನೀರು ಬಹಳ ಇಳಿದರೆ ತುಂಬಲು, ತೆರೆದಿಟ್ಟ ನೀರನ್ನು ಪಕ್ಕದಲ್ಲಿರಿಸಿರಿ.

4. ಅಂಗಡಿಯಲ್ಲಿ ಸಿಗುವ, ನೀರಿನಲ್ಲಿ ಕರಗುವ ಆಹಾರದ ಗಟ್ಟಿಗಳು ಕೆಲವೊಮ್ಮೆ ನೀರನ್ನೇ ಕೆಡಿಸುತ್ತವೆ. ತಾನಾಗಿ ಆಹಾರ ಉದುರಿಸುವ ಯಂತ್ರವಿದ್ದರೆ ಒಂದು ವಾರ ಮೊದಲೇ ಹೂಡಿ ಪರೀಕ್ಷಿಸಿರಿ.

ಮರಳಿದ ದಿನ ಪ್ರೀತಿಯಿಂದ ಒಮ್ಮೆಲೇ ಹೆಚ್ಚು ಹಾಕಬೇಡಿರಿ. ಪೊಟ್ಟಣ ಕಟ್ಟುವ ಕೆಲಸವನ್ನು ಮಕ್ಕಳಿಗೇ ವಹಿಸಿರಿ. ಮಿತಿಯೂ ಪ್ರೀತಿಯ ಒಂದು ಭಾಗವೆಂಬುದು ಅವರಿಗೆ ಕೈಯಾರೆ ತಿಳಿಯುತ್ತದೆ.