ಹೆಣ ವಾಪಸಿಡುವ ಕೆಲಸ

ಅಡಿಕೆ ಕದಿಯಲು ಬಂದ ಇಬ್ಬರು ಕತ್ತಲಲ್ಲಿ ಮೂಟೆಗಳ ಜೊತೆ ಕಾವಲಿನ ಮುದುಕನನ್ನೂ ಗೂಡ್ಸ್ ಆಟೋಗೆ ಹೇರಿಬಿಡುತ್ತಾರೆ. ಚಳಿಗೆ ಗೋಣಿ ಸುತ್ತಿಕೊಂಡು ಮಲಗಿದ್ದವನು ಮಲಗಿದಲ್ಲೇ ಸತ್ತಿದ್ದಾನೆ. ಇವರಿಗೆ ಗೊತ್ತಾಗುವುದು ಅರ್ಧ ದಾರಿಯಲ್ಲಿ. ಬೆಳಗಾಗುವುದರೊಳಗೆ ಹೆಣವನ್ನು ಇದ್ದ ಜಾಗದಲ್ಲೇ ಇಟ್ಟು ಬರಬೇಕು. ತೀರ್ಥಹಳ್ಳಿ ಕಡೆ ಗೆಳೆಯರು ತೆಗೆದ ಈ ಕಿರುಚಿತ್ರಕ್ಕೆ ಸಂಕಲನ ನನ್ನದು.

ಚಿತ್ರೀಕರಿಸಿ ತಂದದ್ದರಲ್ಲಿ ಜೋಕುಗಳಿಗೆ ಬರವಿರಲಿಲ್ಲ. ಕಳ್ಳರು ಮಾತು ಮಾತಿಗೂ ಪಂಚ್ ಹೊಡೆಯುತ್ತಿದ್ದರು. ಒಂದೊಂದನ್ನೇ ಕತ್ತರಿಸುತ್ತ ಹೋದಂತೆ ಚಿತ್ರ ಹೆಚ್ಚು ನಗಿಸತೊಡಗಿತು. ಹೆಣದೆದುರು ಚಟಾಕಿ ಹಾರಿಸುವವನಿಗೆ ಹೆದರಿಕೆಯಿಲ್ಲ. ಹೆದರದವನ ಫಜೀತಿಗೆ ನಗುವುದಾದರೂ ಹೇಗೆ? ಕೊನೆಗೆ ಉಳಿದದ್ದು ಕೆಲಸದ ಮಾತು: ‘ತಲೆ ಕಡೆ ಹಿಡ್ಕೊಳೋ’, ‘ನೀನೇ ಹಿಡ್ಕೋ ಮಾರಾಯ’, ‘ಇವಂದು ಇನ್ನೊಂದು ಚಪ್ಪಲಿ ಎಲ್ಲಿ?’

ಹಿಚ್‌ಕಾಕ್‌ನ ‘ಸೈಕೋ’ (1960) ಎಂದರೆ ಎಲ್ಲರಿಗೂ ನೆನಪಾಗುವುದು ಬಚ್ಚಲಿನ ಕೊಲೆ. ನಾನು ಮತ್ತೆ ಮತ್ತೆ ನೋಡಿದ್ದು ಅದರ ನಂತರದ ಭಾಗವನ್ನು. ಮೋಟೆಲ್ ನಡೆಸುವ ನಾರ್ಮನ್ ರಕ್ತ ಒರೆಸುತ್ತಾನೆ, ಹೆಣವನ್ನು ಡಿಕ್ಕಿಗೆ ಹಾಕಿ ಕಾರನ್ನು ಕೆಸರಿಗೆ ತಳ್ಳುತ್ತಾನೆ. ಮುಳುಗುತ್ತಿದ್ದ ಕಾರು ನಡುವೆ ನಿಂತುಬಿಡುತ್ತದೆ. ಆಗ ನಾವೂ ಒಳಗೊಳಗೇ ‘ಮುಳುಗಪ್ಪಾ’ ಎನ್ನುತ್ತೇವೆ. ಅಷ್ಟು ಹೊತ್ತು ಅವನ ದುಡಿಮೆ ನೋಡಿದ್ದಕ್ಕೇ ಈ ಪಕ್ಷಪಾತ. ಹಾಗಾಗಿ ನಮ್ಮವರು ಹೆಣ ಹೊತ್ತು ಸಂಕ ದಾಟುವ ದೃಶ್ಯಕ್ಕೆ ನಾನು ಕತ್ತರಿ ಹಾಕಲಿಲ್ಲ. ಸಂಗೀತ ತೆಗೆದು ಜೀರುಂಡೆ ಸದ್ದಷ್ಟೇ ಉಳಿಸಿದೆವು.

ಕಥೆಯ ಹಂತದಲ್ಲಿ ಪರಿಚಯದ ಡಾಕ್ಟರೊಬ್ಬರು ಇನ್ನೊಂದು ತೊಡಕು ಕೊಟ್ಟಿದ್ದರು. ಸತ್ತ ಎರಡು-ಮೂರು ಗಂಟೆಗೆ ದವಡೆ, ಕುತ್ತಿಗೆ ಬಿಗಿಯತೊಡಗುತ್ತವೆ. ಸುಮಾರು 12 ಗಂಟೆಯ ಹೊತ್ತಿಗೆ ಮೈಯೆಲ್ಲ ಸೆಟೆಯುತ್ತದೆ. ಚಳಿಯಲ್ಲಿ ಇನ್ನೂ ನಿಧಾನ. ಪೊಲೀಸರಿಗೆ ಅನುಮಾನ ಬಾರದಿರಲೆಂದು ಕಳ್ಳರು ಮುದುಕನನ್ನು ಮುಂದಿನ ಸೀಟಿನಲ್ಲಿ ಕೂರಿಸಿಕೊಂಡಿರುತ್ತಾರೆ. ಕೂತಂತೆಯೇ ಸೆಟೆಯುತ್ತಿರುವವನನ್ನು ಚಾಪೆಯ ಮೇಲೆ ಮಲಗಿಸುವುದೇ ಕ್ಲೈಮ್ಯಾಕ್ಸ್.

‘ಅಡಿಕೆನೂ ವಾಪಸ್ ಇಟ್ರೆ ಕಳ್ಳತನ ಆಗಲ್ಲ ಅಲ್ವಾ?’ ಎಂದು ಕಿರಿಯವನು ಕೇಳುತ್ತಾನೆ. ಆಗುತ್ತದೆ. ಭಾರತೀಯ ನ್ಯಾಯ ಸಂಹಿತೆಯ 303ನೇ ಸೆಕ್ಷನ್ನಿನಂತೆ, ಕದಿಯುವ ಉದ್ದೇಶದಿಂದ ಮಾಲು ಕದಲಿಸಿದೊಡನೆ ಕಳವು ಮುಗಿಯಿತು. ಇದನ್ನು ಡೈಲಾಗಿನಲ್ಲಿ ತನ್ನಿ ಎಂದರು ವಕೀಲ ಮಿತ್ರರೊಬ್ಬರು. ತರಲಿಲ್ಲ. ಹಿರಿಯವನು ಮೂಟೆಗಳನ್ನೊಮ್ಮೆ ನೋಡಿ, ಯೋಚಿಸಿ, ಒಂದನ್ನು ಮಾತ್ರ ಇಳಿಸುತ್ತಾನೆ. ತೋರಿಸಿದ ಕಡೆಯಲ್ಲೆಲ್ಲ ಜನ ಹೆಚ್ಚು ನಕ್ಕದ್ದು ಅಲ್ಲೇ.