ಕಯೋಟಿ ಬೀಳಲು ಶುರುಮಾಡಿದ್ದು ಯಾವಾಗ?

ಒಂಬತ್ತನೇ ತರಗತಿಗೆ ಗುರುತ್ವಾಕರ್ಷಣೆ ಘಟಕದ ಪೀಠಿಕೆಗೆ ನಾನು ಆರಿಸಿಕೊಂಡದ್ದು ರೋಡ್ ರನ್ನರ್ ಕಾರ್ಟೂನ್. ಚಕ್ ಜೋನ್ಸ್ ನಿರ್ದೇಶನದಲ್ಲಿ 1949ರಲ್ಲಿ ಆರಂಭವಾದ ಈ ಕಿರುಚಿತ್ರಗಳಲ್ಲಿ ಕಯೋಟಿ ಎಂಬ ತೋಳದ ಜಾತಿಯ ಪ್ರಾಣಿ ಅಮೆರಿಕದ ಮರುಭೂಮಿಯಲ್ಲಿ ಒಂದು ಹಕ್ಕಿಯನ್ನು ಬೆನ್ನಟ್ಟುತ್ತದೆ. ಪ್ರಪಾತದ ಅಂಚು ದಾಟಿ ಗಾಳಿಯಲ್ಲೇ ಓಡುತ್ತದೆ, ನಿಲ್ಲುತ್ತದೆ, ಕೆಳಗೆ ನೋಡುತ್ತದೆ, ಆಮೇಲೆ ನೆಟ್ಟಗೆ ಬೀಳುತ್ತದೆ. ಇದನ್ನೇ ನಾಲ್ಕು ಚಿತ್ರಗಳಾಗಿ ಕಪ್ಪುಹಲಗೆಯ ಮೇಲೆ ಬರೆದೆ. ಮಕ್ಕಳು ಚೆನ್ನಾಗಿ ನಕ್ಕರು.

"ಇದರಲ್ಲಿ ತಪ್ಪೇನು?" ಎಂದೆ. "ಗಾಳೀಲಿ ನಿಲ್ಲೋಕಾಗಲ್ಲ ಸರ್" ಎಂದು ಹಲವರು ಕೂಗಿದರು. ಆಗ ಹಿಂದಿನ ಬೆಂಚಿನ ಹುಡುಗಿಯೊಬ್ಬಳು, "ಹಾಗಾದ್ರೆ ಅಂಚು ದಾಟಿದ ಕೂಡಲೇ ನೆಟ್ಟಗೆ ಕೆಳಗೆ ಬೀಳ್ಬೇಕಲ್ವಾ ಸರ್?" ಎಂದಳು. ಗಂಟೆ ಹೊಡೆಯುವುದರಲ್ಲಿತ್ತು. "ಹೌದು" ಎಂದುಬಿಟ್ಟೆ.

ವೀಕ್ಷಣೆಗೆ ಕುಳಿತಿದ್ದ ಮಾರ್ಗದರ್ಶಕರು ನನ್ನ ಪುಸ್ತಕದಲ್ಲಿ ಒಂದೇ ಸಾಲು ಬರೆದಿದ್ದರು: "ಅದು ಓಡುತ್ತಿದ್ದ ವೇಗ ಎಲ್ಲಿಗೆ ಹೋಯಿತು?" ಬಿ.ಎಸ್ಸಿ.ಯಲ್ಲಿ ಭೌತಶಾಸ್ತ್ರ ಓದಿದ ನನಗೆ ನಾಚಿಕೆಯಾಯಿತು. ಕೂಡಲೇ ಬೀಳಲು ಶುರುವಾಗುವುದು ನಿಜ. ಆದರೆ ಜಡತ್ವದಿಂದಾಗಿ ಮುಂದಕ್ಕೂ ಸಾಗುತ್ತಲೇ ಬೀಳುತ್ತದೆ.

ಮರುದಿನ "ನಿನ್ನೆ ನಾನು ಹೇಳಿದ್ದು ತಪ್ಪು" ಎಂದೇ ಪಾಠ ಆರಂಭಿಸಿದೆ. ಕಯೋಟಿ ನಿಜವಾಗಿ ಬೀಳುವ ದಾರಿಯನ್ನು ಎಲ್ಲರೂ ಬರೆಯಲಿ ಎಂದೆ. ಹೆಚ್ಚಿನವರ ಗೆರೆ ಅಂಚಿನಿಂದ ಸ್ವಲ್ಪ ಅಡ್ಡ ಹೋಗಿ ಥಟ್ಟನೆ ಕೆಳಗಿಳಿದಿತ್ತು. ನಕ್ಕಿದ್ದ ಕಾರ್ಟೂನೇ ಅವರ ನೋಟ್‌ಬುಕ್ಕಿನಲ್ಲಿತ್ತು.

ಬಳಿಕ ಮೇಜಿನ ಅಂಚಿನಿಂದ ಒಂದು ನಾಣ್ಯವನ್ನು ಸ್ಕೇಲಿನಿಂದ ಅಡ್ಡಲಾಗಿ ಚಿಮ್ಮಿಸಿ, ಅದೇ ಕ್ಷಣಕ್ಕೆ ಅದೇ ಎತ್ತರದಿಂದ ಇನ್ನೊಂದನ್ನು ಸುಮ್ಮನೆ ಬೀಳಿಸಿದೆವು. ಎರಡು ಸಲ ಕೈ ತಪ್ಪಿತು. ಮೂರನೇ ಸಲ ಎರಡೂ ನಾಣ್ಯಗಳು ನೆಲಕ್ಕೆ ಬಿದ್ದ ಸದ್ದು ಒಂದೇ ಆಗಿ ಕೇಳಿಸಿತು.

ಕಯೋಟಿಯ ಓಟದ ವೇಗ ಸೆಕೆಂಡಿಗೆ 10 ಮೀಟರ್ ಎಂದಿಟ್ಟುಕೊಂಡೆವು. ಗುರುತ್ವ ವೇಗೋತ್ಕರ್ಷವನ್ನೂ 10 ಎಂದೇ ಹಿಡಿದು, ಗಾಳಿಯ ತಡೆಯನ್ನು ಬಿಟ್ಟು ಲೆಕ್ಕ ಹಾಕಿದೆವು. 1, 2, 3 ಸೆಕೆಂಡುಗಳಲ್ಲಿ ಮುಂದಕ್ಕೆ 10, 20, 30 ಮೀಟರ್. ಕೆಳಕ್ಕೆ 5, 20, 45 ಮೀಟರ್. ಪ್ರಶ್ನೆ ಕೇಳಿದ್ದ ಹುಡುಗಿಯೇ ಹಲಗೆಗೆ ಬಂದು ಬಿಂದುಗಳನ್ನು ಸೇರಿಸಿದಳು. ಬಾಗಿದ ಗೆರೆ ಬಂತು. "ಕೆಳಗೆ ನೋಡಿದ್ರೂ ನೋಡದಿದ್ರೂ ಬೀಳ್ತಾ ಇರುತ್ತೆ ಸರ್" ಎಂದಳು.

ಪೀಠಿಕೆಯಲ್ಲಿ ಮಕ್ಕಳು ನಕ್ಕರೆ ಪಾಠ ಅರ್ಧ ಗೆದ್ದಂತೆ ಎಂದು ನಂಬಿದ್ದೆ. ಈಗ ನನ್ನ ಪಾಠಯೋಜನೆಯಲ್ಲಿ ಒಂದು ಅಂಕಣ ಹೆಚ್ಚಾಗಿದೆ: ನಕ್ಕ ಮೇಲೆ ಮಕ್ಕಳು ಬರೆಯಬೇಕಾದ ಚಿತ್ರ.