ಧಾರ್ಮಿಕ ಸ್ವಾತಂತ್ರ್ಯ: ಅಮೆರಿಕದ ಆಯೋಗ, ಬುಕ್ಕರಾಯನ ಶಾಸನ

ಅಮೆರಿಕದ ಅಂತರರಾಷ್ಟ್ರೀಯ ಧಾರ್ಮಿಕ ಸ್ವಾತಂತ್ರ್ಯ ಕಾಯ್ದೆ 1998ರದು. ಪರೀಕ್ಷೆಯಲ್ಲಿ ಅಭ್ಯರ್ಥಿಗಳು ಎಡವುವುದು ಇಲ್ಲೇ: ಆ ಕಾಯ್ದೆಯಡಿ ರಚನೆಯಾದ ಯುಎಸ್‌ಸಿಐಆರ್‌ಎಫ್ ಆಯೋಗ ಶಿಫಾರಸು ಮಾಡುತ್ತದೆ ಅಷ್ಟೆ, ‘ವಿಶೇಷ ಕಳವಳದ ದೇಶ’ ಎಂದು ಘೋಷಿಸುವುದು ವಿದೇಶಾಂಗ ಇಲಾಖೆ. 2020ರಲ್ಲಿ ಆಯೋಗ ಆ ಪಟ್ಟಿಗೆ ಭಾರತದ ಹೆಸರು ಸೂಚಿಸಿತು. ಭಾರತ ಅದನ್ನು ಪಕ್ಷಪಾತವೆಂದು ತಳ್ಳಿಹಾಕಿತು, ಇಲಾಖೆಯೂ ಆ ವರ್ಷ ಒಪ್ಪಲಿಲ್ಲ.

ಧಾರ್ಮಿಕ ಸ್ವಾತಂತ್ರ್ಯಕ್ಕೆ ಕರ್ನಾಟಕದ ನಿದರ್ಶನ ಇನ್ನೂ ಹಳೆಯದು, ನನ್ನ ಮಟ್ಟಿಗೆ ಹೆಚ್ಚು ಸ್ವಾರಸ್ಯದ್ದು. ಶ್ರವಣಬೆಳಗೊಳದ 1368ರ ಶಾಸನದಂತೆ, ಜೈನರ ದೂರು ಆಲಿಸಿದ ವಿಜಯನಗರದ ಬುಕ್ಕರಾಯ, ಜೈನರ ಕೈಯನ್ನು ಶ್ರೀವೈಷ್ಣವರ ಕೈಯಲ್ಲಿಟ್ಟು, ಎರಡೂ ದರ್ಶನಗಳಲ್ಲಿ ಭೇದವಿಲ್ಲವೆಂದ. ಪಂಚಮಹಾವಾದ್ಯ, ಕಲಶದ ಹಕ್ಕು ಜೈನರಿಗೆ ಉಳಿಯಿತು. ಜೈನರ ಮನೆಗಳಿಂದ ಎತ್ತಿದ ಹಣದಲ್ಲಿ ಬೆಳಗೊಳಕ್ಕೆ 20 ಕಾವಲುಗಾರರು. ಮಿಕ್ಕಿದ್ದು ಬಸದಿಗಳ ಸುಣ್ಣ, ದುರಸ್ತಿಗೆ.

ಇಂದು ಭಾರತದ ಸಂವಿಧಾನದಲ್ಲಿ ಧಾರ್ಮಿಕ ಸ್ವಾತಂತ್ರ್ಯಕ್ಕೆ 25ರಿಂದ 28ನೇ ವಿಧಿಗಳಿವೆ. ನ್ಯಾಯಾಲಯಗಳು ಬಳಸುವ ‘ಅತ್ಯಗತ್ಯ ಧಾರ್ಮಿಕ ಆಚರಣೆ’ ತತ್ತ್ವಕ್ಕೆ ಮೂಲ, ಉಡುಪಿಯ ಶಿರೂರು ಮಠದ ಪ್ರಕರಣ (1954).